ನೋಂಬಿನ ಗಂಜಿ

ಒಂದು ಜನಸಮುದಾಯದ ಇತಿಹಾಸವನ್ನು ಅರಿಯಲು ಶಾಸನಗಳನ್ನೂ ತಾಮ್ರಪಟಗಳನ್ನೂ ಹುಡುಕುವ ನಾವು ಅಡುಗೆಮನೆಯ ಕಡೆಗೆ ಅಷ್ಟಾಗಿ ಕಣ್ಣು ಹಾಯಿಸುವುದಿಲ್ಲ. ರಂಜಾನ್ ಮಾಸದ ಉಪವಾಸದ ವಿಷಯದಲ್ಲಾದರೂ ಆ ಕಡೆ ನೋಡಲೇಬೇಕೆಂದು ನನಗೆ ತೋರುತ್ತದೆ.

ಉಪವಾಸದ ವಿಧಿ ಎಲ್ಲೆಡೆಯೂ ಒಂದೇ. ಹಿಜರಿ ಶಕದ ಎರಡನೆಯ ವರ್ಷ, ಎಂದರೆ ಕ್ರಿ.ಶ. 624ರಲ್ಲಿ, ಅದು ಮುಸ್ಲಿಮರಿಗೆ ಕಡ್ಡಾಯವಾಯಿತು. ಬೆಳಗಿನ ಜಾವದಿಂದ ಸೂರ್ಯಾಸ್ತದವರೆಗೆ ಅನ್ನವೂ ಇಲ್ಲ, ನೀರೂ ಇಲ್ಲ. ಚಾಂದ್ರಮಾನದ ವರ್ಷ ಸುಮಾರು 11 ದಿನ ಚಿಕ್ಕದಾದ್ದರಿಂದ ಈ ಮಾಸ ಸುಮಾರು 33 ವರ್ಷಗಳಲ್ಲಿ ಎಲ್ಲ ಋತುಗಳನ್ನೂ ಸುತ್ತಿಬರುತ್ತದೆ. ಖರ್ಜೂರ ಮತ್ತು ನೀರಿನಿಂದ ಉಪವಾಸ ಬಿಡುವುದೂ ಹಳೆಯ ರೂಢಿಯೇ. ಆದರೆ ಖರ್ಜೂರದ ಅನಂತರ ಬಟ್ಟಲಿಗೆ ಏನು ಬರುತ್ತದೆ ಎಂಬಲ್ಲಿಂದ ಆಯಾ ನಾಡಿನ ಕಥೆ ಆರಂಭವಾಗುತ್ತದೆ.

ಹೈದರಾಬಾದಿನ ಹಲೀಮನ್ನು ನೋಡಿ. ಗೋಧಿಯನ್ನೂ ಮಾಂಸವನ್ನೂ ಗಂಟೆಗಟ್ಟಲೆ ಬೇಯಿಸಿ ಕುಟ್ಟಿ ಒಂದಾಗಿಸುವ ‘ಹರೀಸಾ’ದ ವಿಧಾನ 10ನೆಯ ಶತಮಾನದ ಬಗ್ದಾದಿನ ಪಾಕಗ್ರಂಥದಲ್ಲಿಯೇ ಇದೆ. ನಿಜಾಮರ ಸೇನೆಗೆಂದು ಯೆಮನ್ ಕಡೆಯಿಂದ ಬಂದು ಬಾರ್ಕಸ್‌ನಲ್ಲಿ ನೆಲೆಸಿದ ಅರಬರ ಮನೆಗಳಲ್ಲಿ ಅದು ಇಂದಿಗೂ ಹೆಚ್ಚು ಮಸಾಲೆಯಿಲ್ಲದೆ ಸರಳವಾಗಿ ಉಳಿದಿದೆ. ನಗರದ ಭಟ್ಟಿಗಳಲ್ಲಾದರೋ ಅದಕ್ಕೆ ಬೇಳೆ, ಮಸಾಲೆ, ತುಪ್ಪ, ಹುರಿದ ಈರುಳ್ಳಿ ಸೇರಿ ಅದು ದಖ್ಖನಿನ ಸ್ವತ್ತಾಯಿತು. 2010ರಲ್ಲಿ ‘ಭೌಗೋಳಿಕ ಸೂಚಕ’ದ ಮನ್ನಣೆಯನ್ನೂ ಪಡೆಯಿತು.

ತಮಿಳುನಾಡಿಗೆ ಹೋದರೆ ಗೋಧಿಯ ಸ್ಥಾನದಲ್ಲಿ ಅಕ್ಕಿ ಇದೆ. ನುಚ್ಚಕ್ಕಿ, ಹೆಸರುಬೇಳೆ, ಮೆಂತ್ಯ, ಬೆಳ್ಳುಳ್ಳಿ, ಪುದೀನ, ತೆಂಗಿನ ಹಾಲು ಸೇರಿದ ‘ನೋನ್ಬು ಕಂಜಿ’ ಮಸೀದಿಯ ಅಂಗಳದ ದೊಡ್ಡ ಹಂಡೆಗಳಲ್ಲಿ ಮಧ್ಯಾಹ್ನದಿಂದಲೇ ಕುದಿಯುತ್ತದೆ. ಹಗಲೆಲ್ಲ ಬರಿದಾಗಿದ್ದ ಹೊಟ್ಟೆಗೆ ಅದು ಹಿತ. ಪಾತ್ರೆ ಹಿಡಿದು ಬರುವವರಲ್ಲಿ ಅನ್ಯಮತದ ನೆರೆಯವರೂ ಇರುತ್ತಾರೆ. ಯಾರೂ ಅವರ ಮತವನ್ನು ಕೇಳುವುದಿಲ್ಲ. ಈ ಗಂಜಿಗೆಂದೇ ಸರ್ಕಾರ ಮಸೀದಿಗಳಿಗೆ ಅಕ್ಕಿ ಕೊಡುವ ಪದ್ಧತಿಯೂ ಅಲ್ಲಿ ಬೆಳೆದಿದೆ.

ಬಟ್ಟಲಿನಂತೆಯೇ ಮಾತು ಕೂಡ ಸಾಕ್ಷಿ ಹೇಳುತ್ತದೆ. ಅರಬ್ಬಿಯಲ್ಲಿ ಉಪವಾಸಕ್ಕೆ ‘ಸೌಮ್’ ಎಂದು ಹೆಸರು. ನಮ್ಮಲ್ಲಿ ಬಳಕೆಯಲ್ಲಿರುವ ‘ರೋಜಾ’ ಪಾರಸಿಯದು. 1347ರಲ್ಲಿ ಬಹಮನಿ ರಾಜ್ಯ ಸ್ಥಾಪನೆಯಾದ ಮೇಲೆ ಪಾರಸಿ ದಖ್ಖನಿನ ಆಸ್ಥಾನಗಳಲ್ಲಿ ಬೇರೂರಿತಷ್ಟೆ. ಅರಬ್ ವರ್ತಕರ ಹಡಗುಗಳು ತಂಗುತ್ತಿದ್ದ ಕರಾವಳಿಯ ದಾರಿಯೇ ಬೇರೆ. ಮಲಬಾರಿನ ಮಾಪಿಳ್ಳೆಯರು, ದಕ್ಷಿಣ ಕನ್ನಡದ ಬ್ಯಾರಿಗಳು ಉಪವಾಸವನ್ನು ‘ನೋಂಬು’ ಎನ್ನುತ್ತಾರೆ. ಕನ್ನಡದ ಜೈನರ ‘ನೋಂಪಿ’ ಇದರ ಒಡಹುಟ್ಟು. ಶ್ರವಣಬೆಳಗೊಳದ ಚಂದ್ರಗಿರಿಯ ಬಂಡೆಗಳ ಮೇಲೆ, ಅನ್ನನೀರು ತೊರೆದು ದೇಹವಿಟ್ಟ ಮುನಿಗಳನ್ನು ಕುರಿತ 7ನೆಯ ಶತಮಾನದ ಶಾಸನಗಳಲ್ಲಿ, ‘ನೋನ್ತು’ ಎಂಬ ಕ್ರಿಯಾಪದವಾಗಿ ಕಾಣುವುದು ಇದೇ ಧಾತು. ವ್ರತ ಬೇರೆ, ದರ್ಶನ ಬೇರೆ. ಹಸಿವನ್ನು ಗೆಲ್ಲುವ ಸಂಕಲ್ಪಕ್ಕೆ ಈ ನೆಲ ಕೊಟ್ಟ ಹೆಸರು ಮಾತ್ರ ಒಂದೇ.

ಇಂಥ ಸ್ಥಳೀಯ ಆಚಾರಗಳು ಶುದ್ಧ ಧರ್ಮಕ್ಕೆ ಅಂಟಿದ ಕಲಬೆರಕೆ ಎನ್ನುವವರು ಒಂದು ಕಡೆ ಇದ್ದಾರೆ. ಹೊರಗಿನಿಂದ ಬಂದ ಧರ್ಮ ಇಲ್ಲಿಯದಾಗಲೇ ಇಲ್ಲ ಎನ್ನುವವರು ಇನ್ನೊಂದು ಕಡೆ. ಇಬ್ಬರೂ ಮಸೀದಿಯ ಅಂಗಳದ ಆ ಹಂಡೆಯೊಳಕ್ಕೆ ಇಣುಕಿ ನೋಡಿಲ್ಲವೆಂದು ನನ್ನ ಭಾವನೆ. ಉಪವಾಸದ ವಿಧಿಯಲ್ಲಿ ಒಂದು ಕ್ಷಣವೂ ಕಡಿಮೆಯಾಗಿಲ್ಲ. ಅದನ್ನು ಮುರಿಯುವ ಮೊದಲ ಗುಟುಕಿನಲ್ಲಿ ಮಾತ್ರ ಈ ನೆಲದ ಅಕ್ಕಿ, ಈ ಕಡಲತಡಿಯ ತೆಂಗು, ಇಲ್ಲಿಯ ಮಾತು ಮೂರೂ ಇವೆ.