ಪುರಾವೆ ಕೇಳಿದ ಮನುಷ್ಯ

2007ರ ಸೆಪ್ಟೆಂಬರ್ 18. ವಾಷಿಂಗ್ಟನ್‌ನಲ್ಲಿ ಅಮೆರಿಕ ಸೆನೆಟ್‌ನ ಒಂದು ಸಮಿತಿ ಸೇರಿತ್ತು. ಫುಟ್‌ಬಾಲ್ ಆಡಿ ನಿವೃತ್ತರಾದವರಿಗೆ ಪಿಂಚಣಿ, ಅಂಗವೈಕಲ್ಯ ಭತ್ಯೆ ಸರಿಯಾಗಿ ಸಿಗ್ತಿದೆಯಾ ಅನ್ನೋದು ಅವತ್ತಿನ ಪ್ರಶ್ನೆ. ಸಾಕ್ಷಿ ಹೇಳೋಕೆ ಬಂದವರಲ್ಲಿ ಮೈಕ್ ಡಿಟ್ಕಾ ಇದ್ದರು. ಶಿಕಾಗೊ ಬೇರ್ಸ್ ತಂಡದ ಮಾಜಿ ಕೋಚ್. ಹಳೇ ಆಟಗಾರರಿಗೆ ಅನ್ಯಾಯ ಆಗ್ತಿದೆ ಅನ್ನೋದು ಅವರ ವಾದ. ಅದೇ ಸಭೆಯಲ್ಲಿ ವ್ಯವಸ್ಥೆಯ ಪರವಾಗಿ ಕೂತಿದ್ದು ಯಾರು ಗೊತ್ತಾ? ಡಿಟ್ಕಾ ಅವರ ಕೈಕೆಳಗೇ ಆಡಿ ಹೆಸರು ಮಾಡಿದ್ದ ಡೇವ್ ಡ್ಯುರ್ಸನ್. ಆ ಭತ್ಯೆ ಅರ್ಜಿಗಳನ್ನ ತೀರ್ಮಾನ ಮಾಡೋ ಮಂಡಳಿಯ ಸದಸ್ಯ.

ಮಾತು ಮೆದುಳಿನ ಹಾನಿಯ ಕಡೆ ತಿರುಗಿದಾಗ ಡ್ಯುರ್ಸನ್ ತನ್ನ ಅಪ್ಪನ ಉದಾಹರಣೆ ಕೊಟ್ಟ. ಅಪ್ಪನಿಗೆ 84 ವರ್ಷ. ಜನರಲ್ ಮೋಟರ್ಸ್ ಕಂಪನಿಯಲ್ಲಿ 30 ವರ್ಷ ದುಡಿದವರು. ಅವರಿಗೂ ಆಲ್ಝೈಮರ್ಸ್ ಇದೆ, ಅವರೇನೂ ವೃತ್ತಿಪರ ಆಟ ಆಡಿದವರಲ್ಲ. ಹಾಗಿದ್ದ ಮೇಲೆ ಹಾನಿ ಎಲ್ಲಿಂದ ಬಂತು ಅಂತ ಕೇಳೋದು ನ್ಯಾಯವಾದ ಪ್ರಶ್ನೆಯೇ ಅನ್ನೋದು ಅವನ ಮಾತಿನ ಸಾರ.

ಕೇಳೋಕೆ ಲಾಜಿಕ್ ಸರಿಯಾಗೇ ಇದೆ. ಇಂಜಿನಿಯರಿಂಗ್ ಓದಿದ ನನ್ನಂಥವನಿಗಂತೂ 'ಪುರಾವೆ ತೋರಿಸಿ' ಅನ್ನೋ ಮಾತು ಯಾವತ್ತೂ ತಪ್ಪು ಅನ್ನಿಸಲ್ಲ. ಆದರೆ ಮೂರೂವರೆ ವರ್ಷಕ್ಕೆ ಆ ಪುರಾವೆ ಸಿಕ್ಕಿದ್ದು ಡ್ಯುರ್ಸನ್‌ನ ತಲೆಯೊಳಗೇ.

ಸ್ವಲ್ಪ ಹಿಂದಕ್ಕೆ ಹೋಗೋಣ. ಅಮೆರಿಕದವರ ಫುಟ್‌ಬಾಲ್ ನಮಗೆ ಗೊತ್ತಿರೋ ಫುಟ್‌ಬಾಲ್ ಅಲ್ಲ. ಅಲ್ಲಿ ಕಾಲಿಗಿಂತ ಕೈಗೇ ಕೆಲಸ ಜಾಸ್ತಿ. ಒಂದೊಂದು ಕಡೆ 11 ಜನ. ಚೆಂಡು ಹಿಡಿದವನು ಎದುರಾಳಿಯ ಗಡಿ ಕಡೆ ನುಗ್ತಾನೆ, ಇವರು ಅವನನ್ನ ಡಿಕ್ಕಿ ಹೊಡೆದೋ ತಬ್ಬಿಯೋ ನೆಲಕ್ಕೆ ಕೆಡವಬೇಕು. ರಕ್ಷಣೆಯ ಸಾಲಿನಲ್ಲಿ ಎಲ್ಲರಿಗಿಂತ ಹಿಂದೆ ನಿಲ್ಲೋರು ಡಿಫೆನ್ಸಿವ್ ಬ್ಯಾಕ್‌ಗಳು. ಅವರಲ್ಲೊಂದು ಜಾಗದ ಹೆಸರು 'ಸೇಫ್ಟಿ'. ಹೆಸರಲ್ಲಿ ಮಾತ್ರ ಸೇಫ್ಟಿ! ದೂರದಿಂದ ಪೂರ್ತಿ ವೇಗದಲ್ಲಿ ಓಡಿ ಬಂದು, ಅಷ್ಟೇ ವೇಗದಲ್ಲಿ ಎದುರು ಬರೋನನ್ನ ಗುದ್ದೋದು ಇವನ ಕೆಲಸ.

ಡ್ಯುರ್ಸನ್ ಹುಟ್ಟಿದ್ದು 1960ರಲ್ಲಿ, ಇಂಡಿಯಾನಾ ರಾಜ್ಯದ ಮನ್ಸಿ ಊರಲ್ಲಿ. ನೋಟರ್ ಡೇಮ್ ವಿಶ್ವವಿದ್ಯಾಲಯದಲ್ಲಿ ಅರ್ಥಶಾಸ್ತ್ರ ಓದಿ ಒಳ್ಳೆ ದರ್ಜೆಯಲ್ಲಿ ಪಾಸಾದ. ಅಂದರೆ ಆಟ ಬಿಟ್ಟರೆ ಬೇರೇನೂ ಗೊತ್ತಿಲ್ಲದ ಹುಡುಗ ಅಲ್ಲ. 1983ರಲ್ಲಿ ಬೇರ್ಸ್ ತಂಡ ಅವನನ್ನ ಮೂರನೇ ಸುತ್ತಿನಲ್ಲಿ ಆರಿಸಿಕೊಂಡಿತು. 1985ರಲ್ಲಿ ಟಾಡ್ ಬೆಲ್ ಅನ್ನೋ ಸೇಫ್ಟಿ ಸಂಬಳದ ತಕರಾರಿನಿಂದ ಇಡೀ ಸೀಸನ್ ಹೊರಗುಳಿದ. ಆ ಖಾಲಿ ಜಾಗ ಡ್ಯುರ್ಸನ್‌ಗೆ ಸಿಕ್ಕಿತು.

ಆ ವರ್ಷದ ಬೇರ್ಸ್ ತಂಡವನ್ನ ಅಮೆರಿಕದವರು ಇವತ್ತಿಗೂ ಮರೆತಿಲ್ಲ. ಲೀಗ್‌ನಲ್ಲಿ 15 ಗೆಲುವು, ಒಂದೇ ಸೋಲು. 1986ರ ಜನವರಿ 26ರಂದು ನ್ಯೂ ಆರ್ಲಿಯನ್ಸ್‌ನಲ್ಲಿ ನಡೆದ ಸೂಪರ್ ಬೌಲ್‌ನಲ್ಲಿ ನ್ಯೂ ಇಂಗ್ಲೆಂಡ್ ತಂಡವನ್ನ 46–10ರಿಂದ ಪುಡಿ ಮಾಡಿದರು. ತಮಾಷೆ ಅಂದರೆ ಅವರ ರಕ್ಷಣಾ ತಂತ್ರದ ಹೆಸರೂ '46'. ಡಗ್ ಪ್ಲ್ಯಾಂಕ್ ಅನ್ನೋ ಹಳೇ ಸೇಫ್ಟಿಯ ಜೆರ್ಸಿ ನಂಬರ್ ಅದು. ಈ ತಂತ್ರದಲ್ಲಿ ಸೇಫ್ಟಿ ಹಿಂದೆ ಕಾಯ್ತಾ ನಿಲ್ಲೋದಿಲ್ಲ, ಮುಂದಿನ ಸಾಲಿಗೇ ನುಗ್ಗಿ ಎದುರಾಳಿಯ ಕ್ವಾರ್ಟರ್‌ಬ್ಯಾಕ್ ಮೇಲೆ ಬೀಳ್ತಾನೆ. ಕ್ವಾರ್ಟರ್‌ಬ್ಯಾಕ್ ಚೆಂಡು ಎಸೆಯೋ ಮೊದಲೇ ಅವನನ್ನ ಕೆಡವಿದರೆ ಅದಕ್ಕೆ 'ಸ್ಯಾಕ್' ಅಂತಾರೆ. 1986ರಲ್ಲಿ ಡ್ಯುರ್ಸನ್ ಹೊಡೆದ ಸ್ಯಾಕ್ 7. ಡಿಫೆನ್ಸಿವ್ ಬ್ಯಾಕ್ ಒಬ್ಬನ ಆ ದಾಖಲೆ ಮುರಿಯೋಕೆ 2005ರವರೆಗೆ ಕಾಯಬೇಕಾಯ್ತು.

ಈಗ ಆ ಗುದ್ದಿನ ಫಿಸಿಕ್ಸ್ ನೋಡಿ. ಸಿಟಿ ಬಸ್ಸಲ್ಲಿ ಡ್ರೈವರ್ ಸಡನ್ನಾಗಿ ಬ್ರೇಕ್ ಹಾಕಿದರೆ ಬಸ್ಸು ನಿಲ್ಲುತ್ತೆ, ನಿಂತವರು ಮುಂದಕ್ಕೆ ವಾಲ್ತಾರೆ. ಬುರುಡೆ ಬಸ್ಸು, ಮೆದುಳು ಅದರೊಳಗೆ ನಿಂತಿರೋ ಪ್ರಯಾಣಿಕ. ಹೆಲ್ಮೆಟ್ ಬುರುಡೆ ಒಡೆಯದ ಹಾಗೆ ನೋಡಿಕೊಳ್ಳುತ್ತೆ. ಒಳಗಿನ ಪ್ರಯಾಣಿಕ ಜೋಲಿ ಹೊಡೆಯೋದನ್ನ ನಿಲ್ಲಿಸೋಕೆ ಅದರ ಕೈಲಿ ಆಗಲ್ಲ. ಒಂದು ಸಲ ಆದರೆ ತಲೆ ಗಿರ್ ಅನ್ನುತ್ತೆ, ಸರಿಹೋಗುತ್ತೆ. ಡ್ಯುರ್ಸನ್ ವೃತ್ತಿಪರನಾಗಿ ಆಡಿದ್ದು 11 ಸೀಸನ್. ಅದಕ್ಕೆ ಮೊದಲು ಶಾಲೆ, ಕಾಲೇಜಿನ ವರ್ಷಗಳು ಬೇರೆ. ಜನ ಮಾತ್ರ ಇಂಥ ಗುದ್ದುಗಳಿಗೇ ಸೀಟಿ ಹೊಡೀತಿದ್ದರು. ಅಮೆರಿಕದ ಒಂದು ಕ್ರೀಡಾ ಚಾನೆಲ್ ವಾರದ ಅತಿ ಭಯಂಕರ ಡಿಕ್ಕಿಗಳನ್ನ ಹೆಕ್ಕಿ ತೋರಿಸೋಕೆ ಅಂತಲೇ ಒಂದು ಭಾಗ ಇಟ್ಟುಕೊಂಡಿತ್ತು. ಬೈಯೋಣ ಅಂದರೆ, ಅಪಘಾತದ ಸಿಸಿಟಿವಿ ದೃಶ್ಯವನ್ನ ಹತ್ತು ಸಲ ತಿರುಗಿಸಿ ತೋರಿಸೋ ನಮಗೆ ಎಲ್ಲಿದೆ ಬಾಯಿ?

ಡ್ಯುರ್ಸನ್ ನಾಲ್ಕು ಸಲ ಪ್ರೋ ಬೌಲ್‌ಗೆ ಆಯ್ಕೆಯಾದ. ಸಮಾಜಸೇವೆಗೆ 1987ರ 'ಮ್ಯಾನ್ ಆಫ್ ದಿ ಇಯರ್' ಪ್ರಶಸ್ತಿ ಬಂತು. ನ್ಯೂಯಾರ್ಕ್ ಜೈಂಟ್ಸ್ ಸೇರಿ 1991ರಲ್ಲಿ ಇನ್ನೊಂದು ಸೂಪರ್ ಬೌಲ್ ಗೆದ್ದ. ಫೀನಿಕ್ಸ್‌ನಲ್ಲಿ ಆಟ ಮುಗಿಸಿದ. ಒಂದು ವಿಷಯ ಮುಖ್ಯ: ಇವನು ಮಾಲೀಕರ ಮನುಷ್ಯ ಆಗಿರಲಿಲ್ಲ. ಆಟಗಾರರ ಸಂಘದ ಗಟ್ಟಿ ಆಳು. ಬೇಕಾದ ತಂಡಕ್ಕೆ ಹೋಗೋ ಸ್ವಾತಂತ್ರ್ಯಕ್ಕಾಗಿ ಆಟಗಾರರು ಲೀಗ್ ಮೇಲೆ ಕೇಸು ಹಾಕಿದಾಗ ದೂರುದಾರರ ಪಟ್ಟಿಯಲ್ಲಿ ಇವನ ಹೆಸರೂ ಇತ್ತು.

ಆಮೇಲೆ ವ್ಯಾಪಾರ. ಮೆಕ್‌ಡೊನಾಲ್ಡ್ಸ್‌ಗೆ ಸಾಸೇಜ್ ಪೂರೈಸೋ ಕಂಪನಿ ನಡೆಸಿದ. ಓದಿದ ವಿಶ್ವವಿದ್ಯಾಲಯದ ಟ್ರಸ್ಟಿಯಾದ. 2005ರಿಂದ ಎಲ್ಲ ಕುಸೀತಾ ಹೋಯ್ತು. ಹೆಂಡತಿ ಮೇಲೆ ಕೈ ಮಾಡಿದ ಕೇಸಿನಲ್ಲಿ ತಪ್ಪೊಪ್ಪಿಕೊಂಡ, ಟ್ರಸ್ಟಿ ಸ್ಥಾನ ಬಿಟ್ಟ. ಇದನ್ನೂ ರೋಗದ ಲೆಕ್ಕಕ್ಕೆ ಬರೆದು ಕೈ ತೊಳೆದುಕೊಳ್ಳೋದು ನನಗೆ ಸರಿ ಅನ್ನಿಸಲ್ಲ. ಪೆಟ್ಟು ತಿಂದವಳಿಗೆ ಅದರಿಂದ ನೋವೇನೂ ಕಡಿಮೆ ಆಗಲ್ಲ. ಮುಂದೆ ಕಂಪನಿ ಮುಳುಗಿತು, ಮದುವೆ ಮುರಿಯಿತು, 2010ರಲ್ಲಿ ದಿವಾಳಿ ಅರ್ಜಿ.

ಈ ಕುಸಿತದ ನಡುವೆಯೇ, 2006ರಲ್ಲಿ, ಆ ಮಂಡಳಿಯ ಕುರ್ಚಿ ಸಿಕ್ಕಿದ್ದು. ಆರು ಮತ. ಮೂರು ಮಾಲೀಕರ ಕಡೆಯವು, ಮೂರು ಆಟಗಾರರ ಸಂಘದವು. ಡ್ಯುರ್ಸನ್ ಸಂಘದ ಪರ. ಅರ್ಜಿಗಳು ಬರ್ತಿದ್ದಿದ್ದು ಎಂಥವರಿಂದ? ಮನೆ ದಾರಿ ಮರೆತವರು, ಮಕ್ಕಳ ಮೇಲೆ ಸುಮ್ಮಸುಮ್ಮನೆ ರೇಗೋರು, ಒಂದು ಕೆಲಸದಲ್ಲೂ ನಿಲ್ಲೋಕಾಗದವರು. ಪಿಟ್ಸ್‌ಬರ್ಗ್‌ನ ದೊಡ್ಡ ಆಟಗಾರ ಮೈಕ್ ವೆಬ್‌ಸ್ಟರ್ 2002ರಲ್ಲಿ ಸತ್ತಾಗ ಡಾ. ಬೆನೆಟ್ ಒಮಾಲು ಅವನ ಮೆದುಳಿನಲ್ಲಿ ಸಿಟಿಇ ಅನ್ನೋ ರೋಗ ಕಂಡಿದ್ದರು. ಟೌ ಅನ್ನೋ ಪ್ರೋಟೀನ್ ಗಂಟುಗಟ್ಟಿ ಮೆದುಳಿನ ಜೀವಕೋಶಗಳನ್ನ ಕೊಲ್ಲುತ್ತೆ. ಫಿಲಡೆಲ್ಫಿಯಾ ಪರ ಆಡಿದ್ದ ಆಂಡ್ರೆ ವಾಟರ್ಸ್ 2006ರಲ್ಲಿ ಆತ್ಮಹತ್ಯೆ ಮಾಡಿಕೊಂಡಾಗಲೂ ಅದೇ ಸಿಕ್ಕಿತು. ಅವನೂ ಸೇಫ್ಟಿ. ತೊಂದರೆ ಏನಂದರೆ, ಈ ರೋಗವನ್ನ ಖಚಿತವಾಗಿ ಹೇಳೋಕೆ ಮೆದುಳನ್ನ ಕತ್ತರಿಸಿ ನೋಡಬೇಕು. ಬದುಕಿರೋನ ಹತ್ತಿರ ಪುರಾವೆ ಕೇಳಿದರೆ ಎಲ್ಲಿಂದ ತರಬೇಕು?

ಕೊನೆಯ ತಿಂಗಳುಗಳಲ್ಲಿ ಡ್ಯುರ್ಸನ್‌ಗೂ ಅದೇ ಶುರುವಾಗಿತ್ತು. ತಲೆನೋವು, ಕಣ್ಣು ಮಂಜು, ಮರೆವು. ಸರಳ ಪದಗಳ ಸ್ಪೆಲ್ಲಿಂಗ್ ಕೈ ಕೊಡ್ತಿತ್ತು. ಮಂಡಳಿಯ ಫೈಲುಗಳಲ್ಲಿ ಇಂಥ ವಿವರಗಳನ್ನ ಓದಿದ್ದವನಿಗೆ ಇದೇನು ಅಂತ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. 2011ರ ಫೆಬ್ರವರಿ 17ರಂದು ಮಯಾಮಿ ಹತ್ತಿರದ ಮನೆಯಲ್ಲಿ ತನ್ನ ಜೀವ ತಾನೇ ತೆಗೆದುಕೊಂಡ. ವಯಸ್ಸು 50. ತಲೆಗೆ ಮಾತ್ರ ಏನೂ ಆಗದ ಹಾಗೆ ನೋಡಿಕೊಂಡಿದ್ದ. ತನ್ನ ಮೆದುಳನ್ನ ಸಂಶೋಧನೆಗೆ ಕೊಡಿ ಅಂತ ಚೀಟಿ ಬರೆದಿಟ್ಟಿದ್ದ. ಮೇ ತಿಂಗಳಲ್ಲಿ ಬಾಸ್ಟನ್ ವಿಶ್ವವಿದ್ಯಾಲಯದ ಡಾ. ಆನ್ ಮೆಕ್ಕೀ ವರದಿ ಕೊಟ್ಟರು: ಸಿಟಿಇ. ಮುಂದುವರಿದ ಹಂತದ್ದು.

ಮಂಡಳಿಯಲ್ಲಿ ಯಾರು ಯಾವ ಕಡೆ ಮತ ಹಾಕಿದರು ಅನ್ನೋದು ಗುಟ್ಟು. ಹಾಗಾಗಿ ಡ್ಯುರ್ಸನ್ ಎಷ್ಟು ಜನರಿಗೆ ಇಲ್ಲ ಅಂದ ಅಂತ ಲೆಕ್ಕ ಹಾಕೋಕಾಗಲ್ಲ. ಆದರೆ ಸೆನೆಟ್ ಮುಂದೆ ಆಡಿದ ಮಾತು ದಾಖಲೆಯಲ್ಲಿದೆ, ಆ ಚೀಟಿಯೂ ದಾಖಲೆಯಲ್ಲಿದೆ. ಎರಡೂ ಒಬ್ಬನವೇ.

ಮುಂದಿನ ವರ್ಷ ಅವನ ಕುಟುಂಬ ಲೀಗ್ ಮೇಲೆ ಕೇಸು ಹಾಕಿತು. ಸಾವಿರಾರು ನಿವೃತ್ತರ ಕೇಸುಗಳು ಸೇರಿ ಕೊನೆಗೆ ಒಪ್ಪಂದವಾಯ್ತು, 2015ರಲ್ಲಿ ಕೋರ್ಟು ಒಪ್ಪಿಗೆ ಕೊಟ್ಟಿತು. ಸಿಟಿಇ ಇದ್ದು ಸತ್ತವರ ಮನೆಯವರಿಗೆ ಗರಿಷ್ಠ 40 ಲಕ್ಷ ಡಾಲರ್. ಒಂದು ಷರತ್ತಿದೆ: ಆಟಗಾರ 2015ರ ಏಪ್ರಿಲ್ 22ಕ್ಕೆ ಮೊದಲೇ ಸತ್ತಿರಬೇಕು. ಆ ತಾರೀಖಿನ ನಂತರ ಸತ್ತವನ ಮೆದುಳಲ್ಲಿ ಇದೇ ರೋಗ ಸಿಕ್ಕರೂ, ಬರೀ ಅದರ ಆಧಾರದ ಮೇಲೆ ಒಂದು ಪೈಸೆಯೂ ಇಲ್ಲ.