ಸಣ್ಣ ಕಟ್ಟೆಯ ಆಟ

ಕನ್ನಡದಲ್ಲಿ ‘ಆಟ’ ಎಂಬ ಮಾತಿಗೆ ಅರ್ಥಗಳು ಹಲವು. ಮಕ್ಕಳು ಅಂಗಳದಲ್ಲಿ ಆಡುವುದೂ ಆಟವೇ. ದೊಡ್ಡವರು ವೇಷ ಕಟ್ಟಿಕೊಂಡು ಬೆಳ್ಳನೆ ಬೆಳಗಾಗುವವರೆಗೆ ಹಾಡಿ ಕುಣಿಯುವುದೂ ಆಟವೇ. ಸಂಸ್ಕೃತದಿಂದ ಬಂದ ‘ನಾಟಕ’ವು ಪೇಟೆಯ ಥಿಯೇಟರಿನಲ್ಲಿ ಟಿಕೀಟು ಇಟ್ಟುಕೊಂಡು ಕುಳಿತಿತು; ನಮ್ಮ ‘ಆಟ’ವು ಹಳ್ಳಿಯ ಗುಡಿಯ ಮುಂದೆಯೇ ಉಳಿಯಿತು. ಬೆಳಗಾವಿ ಸೀಮೆಯ ಜನ ಈ ಆಟವನ್ನೂ ಮತ್ತೆ ಎರಡಾಗಿ ಒಡೆದು ಹೆಸರಿಟ್ಟರು. ಎತ್ತರದ ಅಟ್ಟ ಕಟ್ಟಿ, ಕಿರೀಟ ಭುಜಕೀರ್ತಿಗಳ ಭಾರ ಹೊತ್ತು, ಹಲಗೆ ಮುರಿಯುವಂತೆ ಕುಣಿಯುವುದು ದೊಡ್ಡಾಟ. ಗುಡಿಯ ಕಟ್ಟೆಯ ಮೇಲೋ, ನಾಲ್ಕು ಗಳು ನೆಟ್ಟ ಹಂದರದ ಕೆಳಗೋ, ದಿನನಿತ್ಯದ ಉಡುಪಿನಲ್ಲಿಯೇ ಬಂದು ನಿಂತು ಹಾಡುವುದು ಸಣ್ಣಾಟ. ಡಪ್ಪು ಬಾರಿಸಿ ಆಡುವುದರಿಂದ ಇದಕ್ಕೆ ಡಪ್ಪಿನಾಟವೆಂದೂ ಹೆಸರುಂಟು.

ಹೆಸರು ಸಣ್ಣದಾದುದರಿಂದ ಸತ್ತ್ವವೂ ಸಣ್ಣದೆಂದು ಓದುಬರಹ ಬಲ್ಲವರು ಬಹುಕಾಲ ನಂಬಿದ್ದರು. ನನಗೆ ತೋರುವುದು ಇದಕ್ಕೆ ತೀರ ವಿರುದ್ಧವಾದ ಮಾತು. ಕಟ್ಟೆ ಸಣ್ಣದಾದುದರಿಂದಲೇ ಈ ಆಟಕ್ಕೆ ಇಷ್ಟು ಸತ್ತ್ವ ಬಂದಿತು. ಕಟ್ಟೆ ಬಿಟ್ಟಲ್ಲೆಲ್ಲ ಅದು ಏನನ್ನಾದರೂ ಕಳೆದುಕೊಂಡಿತು. ಇದಕ್ಕೆ ನಮ್ಮ ಮಗ್ಗುಲಲ್ಲಿಯೇ ಇರುವ ಕುಲಗೋಡಕ್ಕಿಂತ ಬೇರೆ ಸಾಕ್ಷಿ ಬೇಕಿಲ್ಲ.

ಕುಲಗೋಡವು ಹಿಂದೆ ಗೋಕಾಕ ತಾಲೂಕಿನಲ್ಲಿದ್ದು ಈಗ ಮೂಡಲಗಿ ತಾಲೂಕಿಗೆ ಸೇರಿರುವ ಊರು. ಹತ್ತೊಂಬತ್ತನೆಯ ಶತಮಾನದಲ್ಲಿ ಇಲ್ಲಿಯ ತಮ್ಮಣ್ಣನು ‘ಶ್ರೀಕೃಷ್ಣ ಪಾರಿಜಾತ’ವನ್ನು ಕಟ್ಟೆಯ ಮೇಲೆ ಆಡುವ ರೂಪಕ್ಕೆ ತಂದನು. ಅವನಿಗಿಂತ ಮುಂಚೆ ಅಪರಾಳ ತಮ್ಮಣ್ಣನೆಂಬ ಕವಿ ಈ ಕಥೆಯನ್ನು ಹಾಡಾಗಿ ಕಟ್ಟಿದ್ದನು. ಇಬ್ಬರು ತಮ್ಮಣ್ಣರನ್ನು ಕಲಸಿ ಒಬ್ಬನೇ ಎಂಬಂತೆ ಹೇಳಿಬಿಡುವುದು ನಮ್ಮಲ್ಲಿ ರೂಢಿ. ಕವಿ ಬೇರೆ, ಕವಿತೆಯನ್ನು ಊರ ಜನರ ನಡುವೆ ನಿಲ್ಲಿಸಿದವನು ಬೇರೆ. ಎರಡನೆಯದು ಮೊದಲನೆಯದಕ್ಕಿಂತ ಹಗುರವಾದ ಕೆಲಸವೇನೂ ಅಲ್ಲ.

ಕಥೆ ಎಲ್ಲರಿಗೂ ವಿದಿತವಾದುದೇ. ನಾರದನು ದೇವಲೋಕದಿಂದ ಪಾರಿಜಾತದ ಹೂವೊಂದನ್ನು ತಂದು ಕೃಷ್ಣನ ಕೈಗೆ ಕೊಡುತ್ತಾನೆ. ಕೃಷ್ಣ ಅದನ್ನು ರುಕ್ಮಿಣಿಗೆ ಮುಡಿಸುತ್ತಾನೆ. ಸುದ್ದಿ ಸತ್ಯಭಾಮೆಗೆ ಮುಟ್ಟುತ್ತದೆ. ಅಲ್ಲಿಂದ ಮುಂದೆ ನಡೆಯುವುದೆಲ್ಲ ಒಂದು ಮನೆಯ ಜಗಳ. ಇದರಲ್ಲಿ ರಾಕ್ಷಸರಿಲ್ಲ, ರಣರಂಗವಿಲ್ಲ. ಮುನಿದ ಹೆಂಡತಿ, ಓಲೈಸುವ ಗಂಡ, ನಡುವೆ ಓಡಾಡುವ ದೂತಿ, ಕಿಡಿ ಹಚ್ಚಿ ದೂರ ನಿಂತು ನೋಡುವ ನಾರದ, ಕಣಿ ಹೇಳಲು ಬರುವ ಕೊರವಂಜಿ. ಇಂಥ ಕಥೆಗೆ ದೂರದ ಎತ್ತರದ ಅಟ್ಟ ಒಗ್ಗದು. ಭಾಮೆಯ ಹುಬ್ಬು ಗಂಟಿಕ್ಕಿದ್ದು ಕಾಣಬೇಕು. ಅವಳು ದನಿ ಇಳಿಸಿ ಆಡಿದ ಮಾತು ಕಂಬಳಿ ಹಾಸಿ ಕುಳಿತ ಕೊನೆಯ ಸಾಲಿನ ಮುದುಕಿಗೂ ಕೇಳಬೇಕು. ಮೈಕು ಇಲ್ಲದ ಕಾಲದಲ್ಲಿ ಇದಕ್ಕೆ ಸಣ್ಣ ಕಟ್ಟೆಯೊಂದೇ ದಾರಿಯಾಗಿತ್ತು.

ಕಟ್ಟೆಯ ಮೂರು ಬದಿಗೂ ಜನ; ಹಿಂದೆ ಒಂದು ಪರದೆ; ಅದರ ಮುಂದೆ ಹಿಮ್ಮೇಳದವರು. ಬೆಳಕಿಗೆ ಮೊದಲು ಪಂಜು, ಆಮೇಲೆ ಗ್ಯಾಸಬತ್ತಿ. ಇಷ್ಟರಲ್ಲಿ ದ್ವಾರಕೆಯೂ ಉಂಟು, ದೇವಲೋಕವೂ ಉಂಟು. ಆದರೆ ಆಟದ ನಿಜವಾದ ಗುಟ್ಟು ಭಾಗವತನಲ್ಲಿದೆ. ಬಂದ ಪಾತ್ರವನ್ನು ತಡೆದು ‘ನೀವು ಯಾರು, ಎಲ್ಲಿಂದ ಬಂದಿರಿ’ ಎಂದು ಕೇಳುವವನು ಅವನು. ಅರ್ಥವಾಗದ ಹಾಡಿಗೆ ಆಡುಮಾತಿನ ಟೀಕೆ ಹೇಳುವವನು ಅವನು. ಭಾಮೆಯ ಬಿಂಕಕ್ಕೆ ಚುಚ್ಚುವವನೂ ಅವನೇ. ಅವನು ಕೇಳುವ ಪ್ರಶ್ನೆ ಕೆಳಗೆ ಕುಳಿತವರ ಪ್ರಶ್ನೆ. ಒಮ್ಮೊಮ್ಮೆ ಅವರೇ ಅವನಿಗಿಂತ ಮುಂಚೆ ಕೇಳಿಬಿಡುವುದುಂಟು. ಆಗ ಉತ್ತರ ಕೊಡದೆ ಪಾತ್ರಧಾರಿ ಮುಂದೆ ಹೋಗುವಂತಿಲ್ಲ. ಮೆಚ್ಚಿದವನು ಆಟದ ನಡುವೆಯೇ ಎದ್ದು ಆಯೇರಿ ಮಾಡುತ್ತಾನೆ; ಕೊಟ್ಟವನ ಹೆಸರನ್ನು ಅಲ್ಲಿಯೇ ಸಾರಿ ಹೇಳಬೇಕು. ಹೀಗೆ ಆಡುವವರಿಗೂ ನೋಡುವವರಿಗೂ ನಡುವಿನ ಗೆರೆ ತೀರ ತೆಳುವಾದುದು.

ಭಾಷೆಯ ವಿಷಯವಾಗಿಯೂ ಒಂದು ಮಾತು ಹೇಳಬೇಕು. ಪಾರಿಜಾತದ ಹಾಡುಗಳಲ್ಲಿ ಗ್ರಂಥಸ್ಥ ಕನ್ನಡವಿದೆ, ಸಂಸ್ಕೃತದ ಸಮಾಸಗಳಿವೆ. ಹಾಡು ಮುಗಿದು ಮಾತು ಮೊದಲಾಯಿತೆಂದರೆ ಘಟಪ್ರಭೆಯ ದಂಡೆಯ ಕನ್ನಡ. ಸಭ್ಯರ ನಾಟಕದಲ್ಲಿ ಈ ಮಾತನ್ನು ಹಾಸ್ಯಗಾರನ ಬಾಯಲ್ಲಿ ಮಾತ್ರ ಇಡುತ್ತಿದ್ದ ಕಾಲದಲ್ಲಿ ನಮ್ಮವರು ಅದನ್ನು ಕೃಷ್ಣನ ಬಾಯಲ್ಲಿ ಇಟ್ಟರು. ವ್ಯಾಕರಣ ಕಲಿಸಿ ಬದುಕುವ ನನ್ನಂಥವನಿಗೆ ಇದು ಮೊದಮೊದಲು ತುಸು ಇರಿಸುಮುರಿಸೇ. ಕೇಳುತ್ತ ಹೋದಂತೆ ಆ ಮಾತಿನಲ್ಲಿಯೂ ತನ್ನದೇ ಆದ ಬಿಗಿಯಾದ ವ್ಯಾಕರಣವಿರುವುದು ಗೊತ್ತಾಗುತ್ತದೆ.

ಪಾರಿಜಾತವನ್ನು ಕುಲಗೋಡದ ಗಡಿ ದಾಟಿಸಿದ ಹೆಸರುಗಳಲ್ಲಿ ಕೌಜಲಗಿ ನಿಂಗಮ್ಮನದು ದೊಡ್ಡದು. ಕೌಜಲಗಿಯೂ ಇದೇ ಸೀಮೆಯ ಊರು. ಗಂಡಸರೇ ಸೀರೆಯುಟ್ಟು ಹೆಣ್ಣುಪಾತ್ರ ಮಾಡುತ್ತಿದ್ದ ದಿನಗಳಲ್ಲಿ ಆಕೆ ಕಟ್ಟೆ ಹತ್ತಿದಳು. ಊರೂರಿಗೆ ಆಟ ಕಟ್ಟಿಕೊಂಡು ಹೋಗಿ, ಪಾರಿಜಾತವೆಂದರೆ ನಿಂಗಮ್ಮನದು ಎನ್ನುವಷ್ಟು ಹೆಸರು ಪಡೆದಳು. ಆ ಕಾಲದಲ್ಲಿ ಆಟ ಆಡುವ ಹೆಣ್ಣಿಗೆ ರಾತ್ರಿ ಸಿಗುವ ಮೆಚ್ಚುಗೆ ಹಗಲು ಸಿಗುತ್ತಿರಲಿಲ್ಲ. ಭಾಮೆಯ ಸ್ವಾಭಿಮಾನಕ್ಕೆ ಚಪ್ಪಾಳೆ ತಟ್ಟಿದ ಕೈಗಳೇ ಅಂಥವಳನ್ನು ಮನೆಯ ಹೊಸ್ತಿಲ ಹೊರಗೆ ನಿಲ್ಲಿಸುತ್ತಿದ್ದವು. ಈ ಅನ್ಯಾಯವನ್ನು ಬಿಟ್ಟು ಪಾರಿಜಾತದ ಚರಿತ್ರೆ ಬರೆದರೆ ಅದು ಅರ್ಧ ಚರಿತ್ರೆ.

ಪಾರಿಜಾತದಲ್ಲಿ ದೇವರ ಹೆಸರಾದರೂ ಇದೆ. ಬೈಲಹೊಂಗಲದಲ್ಲಿ ನಡೆದ ಕೊಲೆಯೊಂದನ್ನು ಆಧರಿಸಿ ಬೈಲವಾಡದ ಪತ್ತಾರ ಮಾಸ್ತರರು ಕಟ್ಟಿದ ‘ಸಂಗ್ಯಾ ಬಾಳ್ಯಾ’ದಲ್ಲಿ ಅದೂ ಇಲ್ಲ. (ಆಟ ಕಲಿಸುವವನಿಗೂ ನಮ್ಮಲ್ಲಿ ಮಾಸ್ತರನೆಂದೇ ಹೆಸರು, ಆ ಸಾಲಿನಲ್ಲಿ ನಮ್ಮನ್ನೂ ಸೇರಿಸಿಕೊಂಡಾರೆಂಬ ಆಸೆ ನನಗುಂಟು.) ಗಂಗಿಯ ಮೇಲೆ ಸಂಗ್ಯಾನ ಮೋಹ, ಗೆಳೆಯ ಬಾಳ್ಯಾನ ದ್ರೋಹ, ಗಂಗಿಯ ಗಂಡನೂ ಅವನ ತಮ್ಮಂದಿರೂ ಕೈಗೆತ್ತಿಕೊಳ್ಳುವ ಸೇಡು. ನೆರೆಯೂರಿನ ಸುದ್ದಿಯೇ ಆಟವಾದುದು ಕನ್ನಡ ರಂಗಭೂಮಿಯ ಚರಿತ್ರೆಯಲ್ಲಿ ಸಣ್ಣ ಸಂಗತಿಯಲ್ಲ. ಮರ್ಯಾದಸ್ಥರು ಇದನ್ನು ಪೋಲಿ ಆಟವೆಂದರು.

ಸಣ್ಣ ಜಾಗದಲ್ಲಿ ಹುಟ್ಟಿ ಪೋಲಿಯೆನ್ನಿಸಿಕೊಳ್ಳುವ ಹಣೆಬರಹ ನಮ್ಮ ಆಟಕ್ಕೆ ಮಾತ್ರ ಬಂದುದಲ್ಲ. ಸಾವಿರಾರು ಮೈಲು ದೂರದಲ್ಲಿ, ಬೇರೊಂದು ಕಾಲದಲ್ಲಿ, ಇದನ್ನೇ ಹೋಲುವ ಸಂಗತಿ ನಡೆಯಿತು. ನ್ಯೂಯಾರ್ಕ್ ನಗರದ ಬೋವರಿ ಎಂಬ ಬಡಬೀದಿಯಲ್ಲಿ 1973ರ ಕೊನೆಗೆ ಹಿಲ್ಲಿ ಕ್ರಿಸ್ಟಲ್ ಎಂಬವನು ‘ಸಿಬಿಜಿಬಿ’ ಎಂಬ ಹೆಸರಿನ ಪಾನಗೃಹವೊಂದನ್ನು ತೆರೆದನು. ಆ ಅಕ್ಷರಗಳ ಅರ್ಥ ಅಮೇರಿಕದ ಹಳ್ಳಿಗಾಡಿನ ಸಂಗೀತದ ಬಗೆಗಳು. ಅವನ್ನು ಹಾಡಿಸಬೇಕೆಂಬುದೇ ಅವನ ಎಣಿಕೆ. ಬಂದವರು ಮಾತ್ರ ಬೇರೆಯವರು. 1974ರಲ್ಲಿ ‘ಟೆಲಿವಿಜನ್’, ‘ರಮೋನ್ಸ್’ ಎಂಬ ತಂಡಗಳ ಹುಡುಗರು ಆ ಇಕ್ಕಟ್ಟಾದ ಉದ್ದ ಕೋಣೆಯಲ್ಲಿ ನಿಂತು, ಕೆಲವೇ ಸ್ವರಗಳಲ್ಲಿ, ಗಂಟಲು ಹರಿಯುವಂತೆ ಹಾಡತೊಡಗಿದರು. ಪರರ ಹಾಡನ್ನು ಹಾಡಬಾರದು, ಸ್ವಂತದ್ದನ್ನೇ ಹಾಡಬೇಕು ಎಂಬುದು ಕ್ರಿಸ್ಟಲನ ಕಟ್ಟಳೆ. ಆ ಸಂಗೀತಕ್ಕೆ ‘ಪಂಕ್ ರಾಕ್’ ಎಂಬ ಹೆಸರು ನಿಂತಿತು. ‘ಪಂಕ್’ ಎಂದರೆ ಇಂಗ್ಲಿಷಿನಲ್ಲಿ ಕೆಲಸಕ್ಕೆ ಬಾರದ ಪೋಕರಿ, ಬೈಗುಳವೇ ಬಿರುದಾಯಿತು. 1976ರ ಜೂನ್ 4ರಂದು ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ ‘ಸೆಕ್ಸ್ ಪಿಸ್ತೂಲ್ಸ್’ ಎಂಬ ತಂಡ ಸಣ್ಣ ಸಭಾಗೃಹವೊಂದರಲ್ಲಿ ಹಾಡಿದಾಗ ಸೇರಿದ್ದವರು ನಲವತ್ತರ ಆಸುಪಾಸು ಎನ್ನುತ್ತಾರೆ. ಆ ಕೆಲವರಲ್ಲಿಯೇ ಹಲವರು ಮುಂದೆ ತಮ್ಮ ತಮ್ಮ ತಂಡ ಕಟ್ಟಿ ಪ್ರಸಿದ್ಧರಾದರು. ‘ನಾನೂ ಇದನ್ನು ಮಾಡಬಲ್ಲೆ’ ಎಂಬ ಧೈರ್ಯವನ್ನು ಕೈಗೆಟುಕುವ ದೂರದಲ್ಲಿ ನಿಂತವನು ಮಾತ್ರ ಕೊಡಬಲ್ಲನೆಂದು ತೋರುತ್ತದೆ. ಆ ಗದ್ದಲದ ಸಂಗೀತ ನನ್ನ ಕಿವಿಗೆ ಒಗ್ಗಿಲ್ಲ. ಅದರ ಚರಿತ್ರೆ ಮಾತ್ರ ಅಪರಿಚಿತವೆನಿಸುವುದಿಲ್ಲ. ಬೋವರಿಯ ಆ ಕೋಣೆ 2006ರ ಅಕ್ಟೋಬರದಲ್ಲಿ ಮುಚ್ಚಿತು. ಅನಂತರ ಅಲ್ಲಿ ಬೆಲೆಬಾಳುವ ಬಟ್ಟೆಯ ಅಂಗಡಿ ಬಂದಿತು.

ನಮ್ಮ ಕಟ್ಟೆಯಿಂದಲೂ ಬೀಜ ಹಾರಿ ಬೇರೆಡೆ ಬಿದ್ದುದುಂಟು. ಕರ್ನಾಟಕದಿಂದ ಸಾಂಗಲಿಗೆ ಹೋದ ಭಾಗವತರ ಮೇಳದ ಆಟವನ್ನು ಅಲ್ಲಿಯ ಸಂಸ್ಥಾನಿಕರು ನೋಡಿ, ಅಂಥದು ಮರಾಠಿಯಲ್ಲಿಯೂ ಆಗಬೇಕೆಂದು ವಿಷ್ಣುದಾಸ ಭಾವೆಯವರಿಗೆ ಹೇಳಿದರು. 1843ರಲ್ಲಿ ಭಾವೆಯವರು ‘ಸೀತಾ ಸ್ವಯಂವರ’ವನ್ನು ಆಡಿಸಿದರು, ಮರಾಠಿ ರಂಗಭೂಮಿ ತನ್ನ ಆರಂಭವನ್ನು ಅಲ್ಲಿಂದ ಎಣಿಸುತ್ತದೆ. ಅದೇ ವರ್ಷ ನಮ್ಮ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ ಹುಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು 1880ರಲ್ಲಿ ಪುಣೆಯಲ್ಲಿ ‘ಶಾಕುಂತಲ’ವನ್ನು ಆಡಿ ಸಂಗೀತ ನಾಟಕದ ಯುಗವನ್ನೇ ತೆರೆದರು. ಆ ನಾಟಕದ ವೈಭವ ಗಡಿ ದಾಟಿ ನಮ್ಮಲ್ಲಿಗೆ ಮರಳಿದಾಗ ನಮ್ಮ ಕಂಪನಿಗಳು ಮೈಮರೆತವು. ಬಣ್ಣದ ಪರದೆ, ಅರಮನೆಯ ದೃಶ್ಯ, ಕುರ್ಚಿಗೊಂದು ದರ. ಕಂಪನಿ ನಾಟಕ ಕನ್ನಡಕ್ಕೆ ದೊಡ್ಡ ನಟರನ್ನೂ ಗಾಯಕರನ್ನೂ ಕೊಟ್ಟಿತು, ಅದನ್ನು ಅಲ್ಲಗಳೆಯಲಾಗದು. ಆದರೆ ಕೆಳಗೆ ಕುಳಿತವನು ಪ್ರಶ್ನೆ ಕೇಳುವ ಹಕ್ಕು ಅಲ್ಲಿ ಹೋಯಿತು. ಆಮೇಲೆ ಬಂದ ಸಿನೆಮಾಕ್ಕೆ ಪ್ರಶ್ನೆ ಕೇಳುವುದಂತೂ ಸಾಧ್ಯವೇ ಇಲ್ಲ.

ಇದೇ ಭಾಮೆಯ ಕಥೆ ಆಂಧ್ರದ ಒಂದು ಸಣ್ಣ ಊರಿನಲ್ಲಿಯೂ ಬೆಳೆಯಿತು. ಕೂಚಿಪೂಡಿಯ ‘ಭಾಮಾಕಲಾಪ’ವನ್ನು ಸಿದ್ಧೇಂದ್ರ ಯೋಗಿಯ ಹೆಸರಿಗೆ ಹೇಳುತ್ತಾರೆ. ಅಲ್ಲಿ ತಲೆತಲಾಂತರದಿಂದ ಬ್ರಾಹ್ಮಣ ಗಂಡಸರೇ ಭಾಮೆಯಾಗುತ್ತಿದ್ದರು. ವೆಂಪಟಿ ಚಿನ್ನ ಸತ್ಯಂ ಅವರು 1963ರಲ್ಲಿ ಮದರಾಸಿನಲ್ಲಿ ಕೂಚಿಪೂಡಿ ಆರ್ಟ್ ಅಕಾಡೆಮಿಯನ್ನು ಸ್ಥಾಪಿಸಿದರು; ಹುಡುಗಿಯರು ಕಲಿತರು; ಊರ ಹೆಸರು ಒಂದು ಶಾಸ್ತ್ರೀಯ ನೃತ್ಯದ ಹೆಸರಾಗಿ ಲೋಕದ ಸಭಾಗೃಹಗಳಿಗೆಲ್ಲ ಹೋಯಿತು. ನಮ್ಮ ತರಗತಿಯಲ್ಲಿ ಕೂಚಿಪೂಡಿ ಯಾವ ರಾಜ್ಯದ್ದೆಂದು ಕೇಳಿದರೆ ಹತ್ತು ಕೈ ಏಳುತ್ತವೆ. ಪಾರಿಜಾತ ಯಾವ ಊರಿನದೆಂದು ಕೇಳಿದರೆ ಕೈ ಎತ್ತುವವರು ಕಡಮೆ. ಆ ಊರಿನ ಕಡೆಯ ಬಸ್ಸು ನಿಲ್ದಾಣದಿಂದ ದಿನಾಲೂ ಹೊರಡುತ್ತದೆ. ಹಾಗಾದರೆ ಕುಲಗೋಡವೂ ಸಭಾಗೃಹ ಸೇರಬೇಕಾಗಿತ್ತೆ? ಆ ಆಸೆ ನನಗಿಲ್ಲ. ಕೂಚಿಪೂಡಿಯ ಜೀವ ನೃತ್ಯದಲ್ಲಿದೆ. ನೃತ್ಯವನ್ನು ದೂರದಿಂದಲೂ ನೋಡಬಹುದು. ಪಾರಿಜಾತದ ಜೀವ ಮಾತಿನಲ್ಲಿದೆ. ಮಾತಿಗೆ ಮರುಮಾತು ಬೇಕು.

ಕಟ್ಟೆಯ ಈ ಗುಣವನ್ನು ಪೇಟೆಯವರಿಗೆ ತಿಳಿಸಿಕೊಟ್ಟವರು ನಮ್ಮವರೇ ಆದ ಚಂದ್ರಶೇಖರ ಕಂಬಾರರು. 1937ರಲ್ಲಿ ಹುಕ್ಕೇರಿ ತಾಲೂಕಿನ ಘೋಡಗೇರಿಯಲ್ಲಿ ಹುಟ್ಟಿ, ಗೋಕಾಕದಲ್ಲಿ ಓದಿದವರು ಅವರು. ಉತ್ತರ ಕರ್ನಾಟಕದ ಜನಪದ ರಂಗಭೂಮಿಯನ್ನು ಶಾಸ್ತ್ರೀಯವಾಗಿ ಅಭ್ಯಾಸ ಮಾಡಿದರು. ‘ಸಂಗ್ಯಾ ಬಾಳ್ಯಾ’ವನ್ನು ಹೊಸ ಓದುಗರಿಗೆ ಮುಟ್ಟಿಸಿದರು. 1972ರಲ್ಲಿ ಬಿ. ವಿ. ಕಾರಂತರು ಬೆಂಗಳೂರಿನ ಬಯಲು ರಂಗದಲ್ಲಿ ಅವರ ‘ಜೋಕುಮಾರಸ್ವಾಮಿ’ಯನ್ನು ಆಡಿಸಿದಾಗ, ನಮ್ಮ ಕಡೆಯ ಆಡುಮಾತು ರಾಜಧಾನಿಯಲ್ಲಿ ತಲೆಯೆತ್ತಿ ನಿಂತಿತು. ಹಿಂದೆ ಪೋಲಿಯೆನ್ನಿಸಿಕೊಂಡ ಆಟದ ಧಾಟಿಯಿಂದ ಬರೆದವರಿಗೆ 2010ನೆಯ ಸಾಲಿನ ಜ್ಞಾನಪೀಠ ಬಂದಿತು.

ಈಗ ಬಯಲಾಟಕ್ಕೆಂದೇ ಸರಕಾರದ ಅಕಾಡೆಮಿಯಿದೆ. ಉತ್ಸವಗಳಲ್ಲಿ ಪಾರಿಜಾತಕ್ಕೆ ವೇದಿಕೆ ದೊರೆಯುತ್ತದೆ. ಆದರೆ ಇಡೀ ರಾತ್ರಿಯ ಆಟಕ್ಕೆ ಅಲ್ಲಿ ಸಿಗುವುದು ಒಂದು ತಾಸೋ ಒಂದೂವರೆ ತಾಸೋ. ಹಾಡುಗಳನ್ನು ಉಳಿಸಿಕೊಂಡು ಮಾತನ್ನು ಕತ್ತರಿಸುತ್ತಾರೆ, ಏಕೆಂದರೆ ಬರೆದಿಟ್ಟಿರುವುದು ಹಾಡು, ಮಾತಲ್ಲ. ದೀಪ ಬೆಳಗುವುದು ವೇದಿಕೆಯ ಮೇಲೆ ಮಾತ್ರ. ಭಾಗವತನು ಕತ್ತಲೆಯ ಕಡೆಗೆ ಮುಖ ಮಾಡಿ ಕೇಳುತ್ತಾನೆ.

ಧಾರವಾಡದಲ್ಲಿ 1950ರ ಜನವರಿ 8ರಂದು ಆಕಾಶವಾಣಿ ಕೇಂದ್ರ ತೆರೆದಂದಿನಿಂದ ಈ ಸೀಮೆಯ ಹಾಡು, ಆಟಗಳು ಮನೆಯೊಳಗೇ ಬಂದು ಕೇಳಿಸುತ್ತಿವೆ. ಮಂಚದ ಮೇಲೆ ಒರಗಿ ಕೇಳುವವನು ಆಡುವವನ ಉಸಿರನ್ನೂ ಕೇಳಬಲ್ಲನು. ಆ ಮಟ್ಟಿಗೆ ರೇಡಿಯೋ ಕಟ್ಟೆಗಿಂತ ಹತ್ತಿರ. ಸ್ಟುಡಿಯೋದಲ್ಲಿ ಇಲ್ಲದ್ದು ಜನ. ಪಾರಿಜಾತವನ್ನು ಇನ್ನೊಮ್ಮೆ ಧ್ವನಿಮುದ್ರಿಸುವ ಯೋಚನೆ ಯಾರಿಗಾದರೂ ಬಂದರೆ, ಮೇಳದವರನ್ನು ಧಾರವಾಡಕ್ಕೆ ಕರೆಸುವ ಬದಲು ಯಂತ್ರವನ್ನೇ ಕುಲಗೋಡಕ್ಕೋ ಕೌಜಲಗಿಗೋ ಒಯ್ಯಬೇಕು. ಸುಗ್ಗಿ ಮುಗಿದ ಮೇಲೆ, ಆಟ ನಡೆಯುವ ರಾತ್ರಿಯೇ ಹೋಗಬೇಕು. ಮೈಕು ಕಟ್ಟೆಯ ಮೇಲೆ ಒಂದಿದ್ದರೆ ಸಾಲದು. ಕೆಳಗೆ, ಜನರ ನಡುವೆ, ಇನ್ನೊಂದು ಇಡಬೇಕು.