ಶರತ್ ಗಾಯಕವಾಡ್

ಗಾಯಕವಾಡ್, ಶರತ್ : 1991– . ಭಾರತದ ಪ್ಯಾರಾ ಈಜುಗಾರ. ಹುಟ್ಟಿದ್ದು ಬೆಂಗಳೂರಿನಲ್ಲಿ. ಎಡಗೈ ಹುಟ್ಟಿನಿಂದಲೇ ಊನ. ಓದಿದ್ದು ಬನಶಂಕರಿಯ ಲಿಟಲ್ ಫ್ಲವರ್ ಪಬ್ಲಿಕ್ ಶಾಲೆಯಲ್ಲಿ. ಅಲ್ಲಿ ಈಜು ಎಲ್ಲ ಮಕ್ಕಳಿಗೂ ಕಡ್ಡಾಯವಾಗಿದ್ದುದರಿಂದ, ಮನೆಯವರಿಗೆ ಅಳುಕಿದ್ದರೂ ಸುಮಾರು ಒಂಬತ್ತನೆಯ ವಯಸ್ಸಿಗೆ ನೀರಿಗಿಳಿದರು. ಮುಂದೆ ತರಬೇತುದಾರ ಜಾನ್ ಕ್ರಿಸ್ಟೋಫರ್ ಅವರ ಕೈಕೆಳಗೆ ಪಳಗಿದರು.

ವರ್ಗೀಕರಣ : ಇವರ ಸಾಧನೆಯನ್ನು ಅಳೆಯಲು ಪ್ಯಾರಾ ಈಜಿನ ವರ್ಗಗಳನ್ನು ತಿಳಿದಿರಬೇಕು. ದೈಹಿಕ ಊನವುಳ್ಳವರಿಗೆ 1ರಿಂದ 10ರವರೆಗೆ ವರ್ಗಗಳಿವೆ; ಸಂಖ್ಯೆ ಇಳಿದಷ್ಟೂ ಊನ ಹೆಚ್ಚು. ಫ್ರೀಸ್ಟೈಲ್, ಬ್ಯಾಕ್‌ಸ್ಟ್ರೋಕ್, ಬಟರ್‌ಫ್ಲೈಗಳಿಗೆ ‘ಎಸ್’, ಬ್ರೆಸ್ಟ್‌ಸ್ಟ್ರೋಕಿಗೆ ‘ಎಸ್‌ಬಿ’ (ಇದರಲ್ಲಿ 9ರವರೆಗೆ ಮಾತ್ರ), ನಾಲ್ಕೂ ಶೈಲಿ ಸೇರಿದ ವೈಯಕ್ತಿಕ ಮೆಡ್ಲೆಗೆ ‘ಎಸ್‌ಎಂ’. ಬ್ರೆಸ್ಟ್‌ಸ್ಟ್ರೋಕಿನಲ್ಲಿ ಕಾಲಿನ ಒದೆತವೇ ಮುಖ್ಯವಾದ್ದರಿಂದ ಅದಕ್ಕೆ ಬೇರೆ ಲೆಕ್ಕ. 5ರಿಂದ 10ರ ವರ್ಗಗಳಲ್ಲಿ ಎಸ್ ಅಂಕವನ್ನು ಮೂರರಿಂದ ಗುಣಿಸಿ, ಎಸ್‌ಬಿ ಅಂಕ ಕೂಡಿಸಿ, ನಾಲ್ಕರಿಂದ ಭಾಗಿಸಿದರೆ ಎಸ್‌ಎಂ ಅಂಕ ಬರುತ್ತದೆ. ಬಟರ್‌ಫ್ಲೈ, ಬ್ರೆಸ್ಟ್‌ಸ್ಟ್ರೋಕ್‌ಗಳಲ್ಲಿ ತಿರುವಿನಲ್ಲೂ ಕೊನೆಯಲ್ಲೂ ಎರಡೂ ಕೈ ಒಟ್ಟಿಗೆ ಗೋಡೆ ಮುಟ್ಟಬೇಕೆಂಬುದು ಸಾಮಾನ್ಯ ನಿಯಮ. ತೋಳುಗಳ ಉದ್ದ ಸಮನಿಲ್ಲದವರಿಗೆ ಉದ್ದದ ಕೈ ಮುಟ್ಟಿದರೆ ಸಾಕು. ಆದರೆ ಎರಡನ್ನೂ ಏಕಕಾಲಕ್ಕೆ ಮುಂದೆ ಚಾಚಲೇಬೇಕು. ಗಾಯಕವಾಡ್ ಸ್ಪರ್ಧಿಸಿದ್ದು ಎಸ್8, ಎಸ್‌ಬಿ8, ಎಸ್‌ಎಂ8 ವರ್ಗಗಳಲ್ಲಿ.

ಸ್ಪರ್ಧೆಗಳು : 2010ರ ಗುವಾಂಗ್‌ಝೌ ಏಷ್ಯನ್ ಪ್ಯಾರಾ ಕ್ರೀಡಾಕೂಟದ 100 ಮೀ. ಬ್ರೆಸ್ಟ್‌ಸ್ಟ್ರೋಕಿನಲ್ಲಿ ಕಂಚು ಗೆದ್ದರು. 2012ರ ಲಂಡನ್ ಪ್ಯಾರಾಲಿಂಪಿಕ್ಸ್‌ನಲ್ಲಿ ಭಾರತವನ್ನು ಪ್ರತಿನಿಧಿಸಿದರು. ಪ್ಯಾರಾಲಿಂಪಿಕ್ಸ್‌ಗೆ ಅರ್ಹತೆ ಪಡೆದ ಮೊದಲ ಭಾರತೀಯ ಈಜುಗಾರ ಇವರೆಂದು ಹಲವೆಡೆ ಬರೆದಿರುವುದುಂಟು. ಈ ಮಾತನ್ನು ಎಚ್ಚರದಿಂದ ಬಳಸಬೇಕು. 1972ರಲ್ಲೇ ಹೈಡೆಲ್‌ಬರ್ಗ್ ಪ್ಯಾರಾಲಿಂಪಿಕ್ಸ್‌ನಲ್ಲಿ ಭಾರತದ ಮುರಳಿಕಾಂತ್ ಪೇಟ್ಕರ್ 50 ಮೀ. ಫ್ರೀಸ್ಟೈಲ್ ಚಿನ್ನ ಗೆದ್ದಿದ್ದರು.

2014ರ ಅಕ್ಟೋಬರಿನಲ್ಲಿ ನಡೆದ ಇಂಚೆಯಾನ್ ಏಷ್ಯನ್ ಪ್ಯಾರಾ ಕ್ರೀಡಾಕೂಟ ಇವರ ಕ್ರೀಡಾಜೀವನದ ಶಿಖರ. ಭಾರತ ಅಲ್ಲಿ ಪಡೆದ 33 ಪದಕಗಳಲ್ಲಿ ಆರರಲ್ಲಿ ಇವರ ಪಾಲಿತ್ತು: 200 ಮೀ. ವೈಯಕ್ತಿಕ ಮೆಡ್ಲೆಯಲ್ಲಿ ಬೆಳ್ಳಿ, 100 ಮೀ. ಬಟರ್‌ಫ್ಲೈ, ಬ್ಯಾಕ್‌ಸ್ಟ್ರೋಕ್, ಬ್ರೆಸ್ಟ್‌ಸ್ಟ್ರೋಕ್, 50 ಮೀ. ಫ್ರೀಸ್ಟೈಲ್ ಹಾಗೂ ಮೆಡ್ಲೆ ರಿಲೇಗಳಲ್ಲಿ ಕಂಚು. ಇದರಿಂದ 1986ರ ಸೋಲ್ ಏಷ್ಯನ್ ಕ್ರೀಡಾಕೂಟದಲ್ಲಿ ಓಟಗಾರ್ತಿ ಪಿ.ಟಿ. ಉಷಾ ಗಳಿಸಿದ ಐದು ಪದಕಗಳ ದಾಖಲೆ ಮುರಿಯಿತೆಂದು ಆಗ ಪತ್ರಿಕೆಗಳು ಸಂಭ್ರಮಿಸಿದವು. ಆದರೆ ಅವು ಬೇರೆ ಬೇರೆ ಕೂಟಗಳು. ಉಷಾ ಅವರ ಐದರಲ್ಲಿ ನಾಲ್ಕು ಚಿನ್ನ. ಈ ಹೋಲಿಕೆಗಿಂತ ಮುಖ್ಯವಾದುದು, ಇವರು ನಾಲ್ಕೂ ಶೈಲಿಗಳಲ್ಲಿ ಬಿಡಿಬಿಡಿಯಾಗಿ ಪದಕ ಗೆದ್ದು, ನಾಲ್ಕನ್ನೂ ಒಂದೇ ಸ್ಪರ್ಧೆಯಲ್ಲಿ ಪರೀಕ್ಷಿಸುವ ಮೆಡ್ಲೆಯಲ್ಲಿ ಇನ್ನೂ ಮೇಲಿನ ಸ್ಥಾನ ಪಡೆದದ್ದು. ಒಂದು ಕೈಯ ಬಲ ಕಡಿಮೆಯಿರುವ ಈಜುಗಾರ ಒಂದೇ ಶೈಲಿಗೆ ಅಂಟಿಕೊಂಡು ಅದನ್ನೇ ಮಸೆಯಬಹುದಿತ್ತು. ಇವರು ಹಾಗೆ ಮಾಡಲಿಲ್ಲ.

2015ರಲ್ಲಿ ಅರ್ಜುನ ಪ್ರಶಸ್ತಿ ಪಡೆದರು.

ಅದೇ ಪರಂಪರೆಯ ಇನ್ನೊಬ್ಬರು : ಜಾನ್ ಕ್ರಿಸ್ಟೋಫರ್ ಅವರ ಮತ್ತೊಬ್ಬ ಶಿಷ್ಯ, ಬೆಂಗಳೂರಿನ ನಿರಂಜನ್ ಮುಕುಂದನ್ (1994– ), ಹುಟ್ಟಿನಿಂದಲೇ ಬೆನ್ನುಹುರಿಯ ದೋಷವುಳ್ಳವರು. 2021ರಲ್ಲಿ ನಡೆದ ಟೋಕಿಯೊ ಪ್ಯಾರಾಲಿಂಪಿಕ್ಸ್‌ನಲ್ಲಿ 50 ಮೀ. ಬಟರ್‌ಫ್ಲೈ ಎಸ್7 ಸ್ಪರ್ಧೆಯ ಫೈನಲ್ ತಲುಪಿದರು.